ಕಾಂದಿವಲಿಯ ಕಲ್ಲು, ಚರ್ಚ್‌ಗೇಟ್ ಲೋಕಲ್ಲು

ಊರಿನಿಂದ ಯಾರೇ ಮುಂಬೈಗೆ ಬರಲಿ, ಮಾರನೆಯ ದಿನ ಸಂಜೆ ಅವರನ್ನು ಮರೀನ್ ಡ್ರೈವ್‌ಗೆ ಕರೆದುಕೊಂಡು ಹೋಗುವುದು ನಮ್ಮ ಮನೆಯಲ್ಲಿ ನಡೆದುಬಂದ ಪದ್ಧತಿ. ಸಿದ್ಧಿವಿನಾಯಕ, ಹಾಜಿ ಅಲಿ, ಗೇಟ್‌ವೇ ಏನಿದ್ದರೂ ಅದರ ನಂತರ. ನಮ್ಮದು ಕುಮಟೆಯ ಕಡೆ. ಅಲ್ಲಿಂದ ಬಂದವರಿಗೆ ಸಮುದ್ರ ತೋರಿಸುತ್ತೇನೆ ಎಂದರೆ ಅವರೇ ನಗುತ್ತಾರೆ. ನನ್ನ ಅತ್ತೆಯಂತೂ ಕಾಂದಿವಲಿಯಿಂದ ಚರ್ಚ್‌ಗೇಟ್‌ವರೆಗೆ ಲೇಡೀಸ್ ಡಬ್ಬದಲ್ಲಿ ನಿಂತು ಬಂದ ಸಿಟ್ಟಿಗೆ, "ಇದನ್ನ ತೋರ್ಸೂಕೆ ಇಷ್ಟು ದೂರ ಕರ್ಕಂಡು ಬಂದ್ಯಾ? ನಮ್ಮನೆ ಹಿತ್ತಲು ದಾಟಿದ್ರೆ ಇದಕ್ಕಿಂತ ಚೊಲೋ ಸಮುದ್ರ ಇಲ್ವಾ?" ಎಂದು ಕೇಳಿದ್ದಳು.

ಪ್ರಶ್ನೆ ಸರಿಯಾದದ್ದೇ. ಮರೀನ್ ಡ್ರೈವ್‌ನ ಸಮುದ್ರದಲ್ಲಿ ಹೇಳಿಕೊಳ್ಳುವಂಥದ್ದೇನೂ ಇಲ್ಲ. ನೀರು ಬೂದು ಬಣ್ಣದ್ದು. ಇಳಿತದ ಹೊತ್ತಿಗೆ ವಾಸನೆ ಬರುತ್ತದೆ. ಮರಳು ತುಳಿಯಬೇಕೆಂದರೆ ಚೌಪಾಟಿಯವರೆಗೆ ನಡೆಯಬೇಕು, ಅಲ್ಲಿ ನೀರಿಗಿಳಿಯುವ ಧೈರ್ಯವನ್ನು ನಾನಂತೂ ಮಾಡಿಲ್ಲ. ನೋಡಬೇಕಾದದ್ದೆಲ್ಲ ದಡದ ಮೇಲಿದೆ.

ನಾರಿಮನ್ ಪಾಯಿಂಟ್‌ನಿಂದ ಹೊರಟು ಗಿರ್ಗಾಂವ್ ಚೌಪಾಟಿಯನ್ನು ಬಳಸಿ ಮಲಬಾರ್ ಹಿಲ್‌ನ ಬುಡದವರೆಗೆ ಸುಮಾರು 3.6 ಕಿಲೋಮೀಟರ್ ಉದ್ದದ ರಸ್ತೆ ಇದು. ನೇರ ಇಲ್ಲ, ಇಡೀ ರಸ್ತೆಯೇ ಒಂದು ಬಾಗು. ಪಶ್ಚಿಮಕ್ಕೆ ಮುಖ ಮಾಡಿ ಬ್ಯಾಕ್ ಬೇ ಎಂಬ ಕೊಲ್ಲಿಯನ್ನು ತಬ್ಬಿಕೊಂಡಿದೆ. ಸಮುದ್ರದ ಬದಿಗೆ ಅಗಲವಾದ ಫುಟ್‌ಪಾತ್, ಅದರ ಅಂಚಿಗೆ ಕಟ್ಟೆ. ಚಕ್ಕಳಮಕ್ಕಳ ಹಾಕಿ ಕೂರಬಹುದು, ಇಬ್ಬರು ಬೆನ್ನಿಗೆ ಬೆನ್ನು ಕೊಟ್ಟು ಒರಗಬಹುದು, ಅಷ್ಟು ಅಗಲ. ಕಟ್ಟೆಯಾಚೆ ನಾಲ್ಕು ಕಾಲಿನ ಸಿಮೆಂಟ್ ಗುಂಡುಗಳ ರಾಶಿ, ಅದರಾಚೆ ನೀರು. ಈಚೆ ಆರು ಲೇನಿನ ರಸ್ತೆ, ಅದರಾಚೆ ಒಂದೇ ಎತ್ತರಕ್ಕೆ ಸಾಲಾಗಿ ನಿಂತ ಹಳೆಯ ಕಟ್ಟಡಗಳು. ದಾಖಲೆಯಲ್ಲಿ ಇದರ ಹೆಸರು ನೇತಾಜಿ ಸುಭಾಷ್‌ಚಂದ್ರ ಬೋಸ್ ಮಾರ್ಗ. ಆ ಹೆಸರು ಹೇಳಿದರೆ ಟ್ಯಾಕ್ಸಿಯವನು ನಿಮ್ಮ ಮುಖ ನೋಡುತ್ತಾನೆ.

ಫೋಟೋಗಳಲ್ಲಿ ಎಂದೂ ಕಾಣಿಸದ, ಆದರೆ ನನ್ನ ಮಟ್ಟಿಗೆ ಇಡೀ ಜಾಗದ ಗುಟ್ಟೇ ಆಗಿರುವ ಇನ್ನೊಂದು ಸಂಗತಿ ಆ ಕಟ್ಟಡಗಳ ಹಿಂದಿದೆ. ಅದು ವೆಸ್ಟರ್ನ್ ರೈಲ್ವೆಯ ಹಳಿ. ಚರ್ಚ್‌ಗೇಟ್, ಮರೀನ್ ಲೈನ್ಸ್, ಚರ್ನಿ ರೋಡ್ ಈ ಮೂರೂ ಸ್ಟೇಷನ್‌ಗಳು ರಸ್ತೆಯ ಬೆನ್ನಿಗೇ ಇವೆ. ಯಾವುದರಲ್ಲಿ ಇಳಿದರೂ ಐದೋ ಎಂಟೋ ನಿಮಿಷದ ನಡಿಗೆಗೆ ಕಟ್ಟೆ ಸಿಗುತ್ತದೆ. ವಿರಾರ್‌ನಿಂದ, ವಸಾಯಿಯಿಂದ, ಬೊರಿವಲಿಯಿಂದ ಹೊರಟವರಿಗೆ ಒಂದೇ ಟಿಕೆಟ್ ಸಾಕು. ದೇಶದ ಅತಿ ದುಬಾರಿ ವಿಳಾಸಗಳಲ್ಲೊಂದರ ಎದುರಿಗೆ ಹತ್ತು ಬೈ ಹತ್ತರ ಖೋಲಿಯ ಜನ ಬಂದು ಕೂರುತ್ತಾರಲ್ಲ, ಅದು ಯಾರ ಔದಾರ್ಯವೂ ಅಲ್ಲ, ರೈಲಿನ ಕೃಪೆ.

ರೈಲು ರಸ್ತೆಗಿಂತ ಹಳೆಯದು. ಬಿಬಿಸಿಐ (ಬಾಂಬೆ, ಬರೋಡಾ ಅಂಡ್ ಸೆಂಟ್ರಲ್ ಇಂಡಿಯಾ) ರೈಲ್ವೆಯವರು ಹಳಿ ಹಾಕಿದಾಗ ಅದರ ಪಕ್ಕಕ್ಕೇ ಸಮುದ್ರವಿತ್ತು. ಇವತ್ತು ನಾವು ನಡೆಯುವ ಫುಟ್‌ಪಾತ್, ಆ ಕಟ್ಟಡಗಳು, ಅವುಗಳ ಹಿಂದಿನ ಗಲ್ಲಿಗಳಲ್ಲಿ ಹೆಚ್ಚಿನವು ನೀರಿನಲ್ಲಿದ್ದವು. ಅದನ್ನು ತುಂಬಿಸಿ ನೆಲ ಮಾಡಬೇಕು, ಮಾರಬೇಕು, ದುಡ್ಡು ಮಾಡಬೇಕು ಎಂಬ ಆಸೆ ಈ ಊರಿಗೆ ಹುಟ್ಟಿದ್ದು 1860ರ ದಶಕದಲ್ಲಿ.

ಆ ಆಸೆಗೆ ದುಡ್ಡು ಬಂದದ್ದು ಹತ್ತಿಯಿಂದ. ಅಮೆರಿಕದಲ್ಲಿ 1861ರಿಂದ 1865ರವರೆಗೆ ಅಂತರ್ಯುದ್ಧ ನಡೆದು ಅಲ್ಲಿನ ಹತ್ತಿ ಇಂಗ್ಲೆಂಡಿನ ಲಂಕಾಶೈರ್‌ನ ಗಿರಣಿಗಳಿಗೆ ಬರುವುದು ನಿಂತಿತು. ಬೊಂಬಾಯಿಯ ವ್ಯಾಪಾರಿಗಳು ಹೇಳಿದ್ದೇ ರೇಟು. ಇಲ್ಲಿ ನಮ್ಮೂರೂ ಕಥೆಯೊಳಗೆ ಬರುತ್ತದೆ. ಧಾರವಾಡ ಸೀಮೆಯ ಹತ್ತಿ ಎತ್ತಿನ ಗಾಡಿಗಳಲ್ಲಿ ಘಟ್ಟ ಇಳಿದು ಕುಮಟೆ ಬಂದರಿಗೆ ಬರುತ್ತಿತ್ತು, ಅಲ್ಲಿಂದ ಹಡಗು ಹತ್ತಿ ಬೊಂಬಾಯಿಗೆ ಹೋಗುತ್ತಿತ್ತು. ಬೊಂಬಾಯಿಯ ಹತ್ತಿ ಪೇಟೆಯಲ್ಲಿ 'ಕೂಂಪ್ಟಾ' ಎನ್ನುವ ಒಂದು ಜಾತಿಯೇ ಇತ್ತು, ಕುಮಟೆಯ ಹೆಸರನ್ನು ಇಂಗ್ಲಿಷರು ತಮ್ಮ ಬಾಯಿಗೆ ಬಂದಂತೆ ಬರೆದದ್ದು. ಗದಗ, ಹುಬ್ಬಳ್ಳಿ ಕಡೆಯ ರೈತನ ಹೊಲದಲ್ಲಿ ಬೆಳೆದದ್ದೂ ಸೇರಿ ಹುಟ್ಟಿದ ಆ ಹಣವನ್ನು ಏನು ಮಾಡಬೇಕೆಂದು ಬೊಂಬಾಯಿಯ ಸಾಹುಕಾರರಿಗೆ ತಿಳಿಯಲಿಲ್ಲ. ಕಂಪನಿಗಳ ಮೇಲೆ ಕಂಪನಿ ಹುಟ್ಟಿದವು. ಅವುಗಳಲ್ಲಿ ಎಲ್ಲರೂ ಮುಗಿಬಿದ್ದು ಷೇರು ಕೊಂಡದ್ದು ಬ್ಯಾಕ್ ಬೇ ರಿಕ್ಲಮೇಶನ್ ಕಂಪನಿಯದು. ಪ್ರೇಮ್‌ಚಂದ್ ರಾಯ್‌ಚಂದ್ ಎಂಬ ಹತ್ತಿ ವ್ಯಾಪಾರಿ ಆ ಕಾಲದ ಷೇರು ಪೇಟೆಯ ದೇವರು. ಇನ್ನೂ ಇಲ್ಲದ ನೆಲದ ಷೇರು ಮೂಲ ಬೆಲೆಯ ಹಲವು ಪಟ್ಟಿಗೆ ಏರಿತು. 1865ರಲ್ಲಿ ಯುದ್ಧ ಮುಗಿಯಿತು, ಹತ್ತಿ ಬಿತ್ತು, ಷೇರು ಕಾಗದವಾಯಿತು. ಪ್ರೇಮ್‌ಚಂದ್ ಸಹ ಮುಳುಗಿದರು. ಸಮುದ್ರ ಇದ್ದಲ್ಲೇ ಇತ್ತು.

ಮರೀನ್ ಡ್ರೈವ್‌ನ ಉತ್ತರ ತುದಿಯ ಕಡೆ ಕಟ್ಟೆಯಲ್ಲೇ ಹುದುಗಿದ ಒಂದು ಕಲ್ಲಿದೆ. ಓಡುವವರು ಅದರ ಮೇಲೆ ಕಾಲಿಟ್ಟು ಶೂ ಲೇಸ್ ಕಟ್ಟಿಕೊಳ್ಳುವುದನ್ನು ನೋಡಿದ್ದೇನೆ, ಓದುವವರನ್ನು ನೋಡಿಲ್ಲ. 'ಕೆನಡಿ ಸೀ ಫೇಸ್' ಎಂಬ ಹೆಸರು, 1915ರ ಡಿಸೆಂಬರ್ 18ರಂದು ಕೆಲಸ ಶುರುವಾಗಿ 1920ರಲ್ಲಿ ಮುಗಿಯಿತು ಎಂಬ ಒಕ್ಕಣೆ ಅದರಲ್ಲಿದೆ. ಅದು ಚೌಪಾಟಿ ಬದಿಯ ತುಂಡು. ದೊಡ್ಡ ಯೋಜನೆ ಬಂದದ್ದು ಅದರ ಬೆನ್ನಿಗೆ, ಗವರ್ನರ್ ಜಾರ್ಜ್ ಲಾಯ್ಡ್ ಕಾಲದಲ್ಲಿ. ಸಾವಿರಕ್ಕೂ ಹೆಚ್ಚು ಎಕರೆ ಸಮುದ್ರವನ್ನು ಎಂಟು ಬ್ಲಾಕುಗಳಾಗಿ ತುಂಬಿಸುವ ಲೆಕ್ಕ. ಕಲ್ಲಿನ ಗೋಡೆ ಕಟ್ಟುವುದು, ಡ್ರೆಜರ್‌ನಿಂದ ಬಂದರಿನ ತಳದ ಕೆಸರನ್ನು ಹೀರಿ ಪೈಪಿನಲ್ಲಿ ತಂದು ಗೋಡೆಯ ಒಳಗೆ ಸುರಿಯುವುದು. ಕಾಗದದ ಮೇಲೆ ಬಲು ಸುಲಭ. ಮಾಡಿ ನೋಡಿದಾಗ ಡ್ರೆಜರ್ ಎತ್ತುವ ಕೆಸರು ಲೆಕ್ಕಕ್ಕಿಂತ ಕಡಿಮೆ, ಖರ್ಚು ಲೆಕ್ಕಕ್ಕಿಂತ ಜಾಸ್ತಿ. ಇನ್ನೂ ತಮಾಷೆಯೆಂದರೆ, ಸುರಿದ ಕೆಸರು ಕಲ್ಲುಗೋಡೆಯ ಸಂದಿಗಳಿಂದ ಸೋರಿ ಮತ್ತೆ ಸಮುದ್ರಕ್ಕೇ ಹೋಗತೊಡಗಿತು. ಸರಕಾರಿ ಬೊಕ್ಕಸವೂ ಅದೇ ಸಂದಿಯಲ್ಲಿ ಸೋರಿತು. ಜನ ಇದಕ್ಕೆ 'ಲಾಯ್ಡ್‌ನ ಹುಚ್ಚು' ಎಂದು ಹೆಸರಿಟ್ಟರು.

ಆ ಗೋಡೆಗೆ ಕಲ್ಲು ಬಂದದ್ದು ಎಲ್ಲಿಂದ ಎಂಬುದನ್ನು ನಾನು ಮುಂಬೈಗೆ ಬಂದು ಬಹಳ ಕಾಲದ ಮೇಲೆ ತಿಳಿದೆ. ಕಾಂದಿವಲಿಯಿಂದ. ನಮ್ಮ ಏರಿಯಾದ ಗುಡ್ಡ ಅಗೆದು, ಕಲ್ಲು ಒಡೆದು, ಗೂಡ್ಸ್ ಗಾಡಿಗಳಲ್ಲಿ ತುಂಬಿ, ಇದೇ ವೆಸ್ಟರ್ನ್ ಲೈನಿನ ಮೇಲೆ ಇಲ್ಲಿಗೆ ತಂದು ಸುರಿದಿದ್ದರು. ಆಗ ಕಾಂದಿವಲಿ ಎಂದರೆ ಗದ್ದೆ, ತಾಳೆಮರ, ಕಲ್ಲುಕ್ವಾರಿ. ಈಗ ಆ ಗುಡ್ಡವಿಲ್ಲದ ಕಾಂದಿವಲಿಯಿಂದ ಜನ ಭಾನುವಾರ ಸಂಜೆ ಲೋಕಲ್ ಹತ್ತಿ ಬಂದು ತಮ್ಮೂರ ಕಲ್ಲಿನ ಮೇಲೆ ಕೂತು ಹೋಗುತ್ತಾರೆ. ಕಟ್ಟೆ ನಮ್ಮದು ಎಂದು ನಾನು ಗೆಳೆಯರ ಹತ್ತಿರ ಜಂಬ ಕೊಚ್ಚುವುದು ಈ ಆಧಾರದ ಮೇಲೆ.

ಲಾಯ್ಡ್ ಯೋಜನೆಯ ಹುಳುಕನ್ನು ಹೊರಗೆಳೆದದ್ದು ಖುರ್ಷೇದ್ ಫ್ರಾಮ್ಜಿ ನಾರಿಮನ್ ಎಂಬ ಪಾರ್ಸಿ ವಕೀಲರು. ಲೆಕ್ಕಪತ್ರದಲ್ಲಿ ಮೋಸವಾಗಿದೆ, ಕಾಮಗಾರಿಯಲ್ಲಿ ಲಂಚ ನಡೆದಿದೆ ಎಂದು ಬಹಿರಂಗವಾಗಿ ಹೇಳಿದರು. ಯೋಜನೆಯಲ್ಲಿದ್ದ ಹಾರ್ವೆ ಎಂಬ ಇಂಜಿನಿಯರ್ ಮಾನನಷ್ಟದ ಮೊಕದ್ದಮೆ ಹಾಕಿದ. ಬ್ರಿಟಿಷರ ಕೋರ್ಟಿನಲ್ಲಿ, ಬ್ರಿಟಿಷ್ ಇಂಜಿನಿಯರ್ ಎದುರಿಗೆ ನಾರಿಮನ್ ಗೆದ್ದರು. ಊರು ಅವರನ್ನು ಹೆಗಲ ಮೇಲೆ ಹೊತ್ತಿತು, ಮುಂದೆ ಮೇಯರ್ ಕೂಡ ಆದರು. ಸ್ವಾತಂತ್ರ್ಯ ಬಂದ ಮೇಲೆ ಅದೇ ಬ್ಯಾಕ್ ಬೇಯ ಇನ್ನೊಂದು ತುಂಡನ್ನು ತುಂಬಿಸಿ ಗಾಜಿನ ಆಫೀಸುಗಳನ್ನು ಎಬ್ಬಿಸಿದ ಸರಕಾರ ಆ ಜಾಗಕ್ಕೆ ಇಟ್ಟ ಹೆಸರು: ನಾರಿಮನ್ ಪಾಯಿಂಟ್. ಸಮುದ್ರ ತುಂಬಿಸುವವರ ಲೆಕ್ಕ ಕೇಳಿದವನಿಗೆ ಸಮುದ್ರ ತುಂಬಿಸಿದ ಜಾಗವನ್ನೇ ಕಾಣಿಕೆ ಕೊಟ್ಟರು. ನಮ್ಮಲ್ಲಿ ಇಂಥ ವ್ಯಂಗ್ಯಗಳಿಗೆ ಬರವಿಲ್ಲ ಬಿಡಿ.

ಎಂಟು ಬ್ಲಾಕುಗಳಲ್ಲಿ ಮುಗಿದದ್ದು ನಾಲ್ಕೇ. ಮುಗಿದದ್ದರಲ್ಲಿ ಒಂದು ಪಾಲು ಕೊಲಾಬಾ ಬದಿಯಲ್ಲಿ ಮಿಲಿಟರಿಗೆ ಹೋಯಿತು. ಉಳಿದದ್ದರಲ್ಲಿ ಈ ಬಾಗು ರಸ್ತೆ ಮೂಡಿತು. ಯೋಜನೆ ಪೂರ್ತಿ ನಡೆದಿದ್ದರೆ ಈ ಕೊಲ್ಲಿಯ ಬಹುಪಾಲು ನೆಲವಾಗಿ, ಚರ್ಚ್‌ಗೇಟ್‌ನಲ್ಲಿ ಇಳಿದವನಿಗೆ ನೀರು ಕಾಣಬೇಕಾದರೆ ಬಸ್ಸು ಹತ್ತಬೇಕಾಗುತ್ತಿತ್ತು. ಸೋರಿದ ಕೆಸರಿಗೆ ನಾವು ಋಣಿಗಳು.

ಕಟ್ಟಡಗಳದು ಬೇರೆಯೇ ಕಥೆ. ಮೂವತ್ತರ ದಶಕದ ನಡುವಿನಿಂದ ಸುಮಾರು ಹತ್ತು ವರ್ಷಗಳಲ್ಲಿ ಇವು ಎದ್ದವು. ಅಷ್ಟೊತ್ತಿಗೆ ಸಿಮೆಂಟ್, ಕಬ್ಬಿಣದ ಸರಳು ಎರಡೂ ಧಾರಾಳ. ವಿ.ಟಿ. ಸ್ಟೇಷನ್ನಿನಂಥ ಕಲ್ಲಿನ ಕಮಾನು, ಗೋಪುರಗಳ ಕಾಲ ಮುಗಿದಿತ್ತು. ಆರ್ಟ್ ಡೆಕೊ ಶೈಲಿ ಬಂತು. ದುಂಡನೆಯ ಮೂಲೆಗಳು, ಹುಬ್ಬಿನಂತೆ ಚಾಚಿದ ಸಜ್ಜಾಗಳು, ಹಡಗಿನ ಕಿಟಕಿಯಂಥ ವೃತ್ತಗಳು, ಗೋಡೆಯುದ್ದಕ್ಕೂ ಎಳೆದ ಅಡ್ಡಗೆರೆಗಳು, ಸಮುದ್ರದ ಗಾಳಿಗೆ ಎದೆಯೊಡ್ಡಿದ ಬಾಲ್ಕನಿಗಳು. ಹೆಸರುಗಳನ್ನು ಓದುತ್ತಾ ನಡೆಯುವುದೇ ಒಂದು ಖುಷಿ: ಸೂನಾ ಮಹಲ್, ಕಪೂರ್ ಮಹಲ್, ಜವೇರ್ ಮಹಲ್, ಕೇವಲ್ ಮಹಲ್, ಶಾತೋ ಮರೀನ್, ಕೃಷ್ಣ ಮಹಲ್, ಅಲ್ ಸಬಾಹ್ ಕೋರ್ಟ್. ಕೊನೆಯದು ಕುವೈತಿನ ರಾಜಮನೆತನದ್ದು. ಶಾತೋ ಮರೀನ್‌ನಲ್ಲಿ ನರ್ಗಿಸ್ ಇದ್ದರು. ಕೃಷ್ಣ ಮಹಲ್‌ನಲ್ಲಿ ಸುರೈಯಾ ಇದ್ದರು, 2004ರಲ್ಲಿ ತೀರಿಕೊಳ್ಳುವವರೆಗೂ ಅಲ್ಲೇ. ದೇವ್ ಆನಂದ್ ಕೊಟ್ಟ ಉಂಗುರವನ್ನು ಆಕೆ ಇದೇ ಸಮುದ್ರಕ್ಕೆ ಎಸೆದರೆಂಬ ಕಥೆಯನ್ನು ಮುಂಬೈಯ ಯಾವ ಹಳಬರ ಹತ್ತಿರ ಕೂತರೂ ಕೇಳಬಹುದು.

2018ರ ಜೂನ್ 30ರಂದು ಯುನೆಸ್ಕೊ ಇಲ್ಲಿನ ಮೊದಲ ಸಾಲಿನ ಕಟ್ಟಡಗಳನ್ನೂ ಓವಲ್ ಮೈದಾನದ ಎರಡೂ ಬದಿಯ ಕಟ್ಟಡಗಳನ್ನೂ ಸೇರಿಸಿ ವಿಶ್ವ ಪರಂಪರೆಯ ಪಟ್ಟಿಗೆ ಹಾಕಿತು. ಪಟ್ಟಿಗೆ ಬಂದರೇನು, ಬಣ್ಣ ಹಚ್ಚಬೇಕಲ್ಲ? ಉಪ್ಪುಗಾಳಿ ಸಿಮೆಂಟಿನೊಳಗಿನ ಸರಳನ್ನು ತಿನ್ನುತ್ತದೆ. ತುಕ್ಕು ಹಿಡಿದ ಸರಳು ಉಬ್ಬುತ್ತದೆ, ಗಾರೆ ಸಿಡಿದು ಉದುರುತ್ತದೆ. ಮಳೆಗಾಲಕ್ಕೆ ಮುಂಚೆ ಪ್ರತಿ ವರ್ಷ ಇಲ್ಲಿನ ಕೆಲವು ಕಟ್ಟಡಗಳು ಬಿದಿರಿನ ಅಟ್ಟಣಿಗೆ ಹೊದ್ದು ನಿಂತಿರುತ್ತವೆ. ಇದಕ್ಕೊಂದು ಕಾನೂನಿನ ಗಂಟೂ ಉಂಟು. 1947ರ ಬಾಡಿಗೆ ಕಾಯಿದೆ ಬೊಂಬಾಯಿಯ ಬಾಡಿಗೆಗಳನ್ನು 1940ರ ಸೆಪ್ಟೆಂಬರ್ ಒಂದರ ಮಟ್ಟಕ್ಕೆ ಕಟ್ಟಿಹಾಕಿತು. ಆ ತಾರೀಖಿಗೆ ಈ ಕಟ್ಟಡಗಳಲ್ಲಿ ಹಲವು ಆಗಷ್ಟೇ ಬಣ್ಣ ಒಣಗಿ ನಿಂತಿದ್ದವು. ಕೋಟಿಗಳಲ್ಲಿ ಮಾತಾಡುವ ಜಾಗದಲ್ಲಿ ತಲೆಮಾರುಗಳಿಂದ ಪುಡಿಗಾಸಿನ ಬಾಡಿಗೆ ಕೊಟ್ಟು ಇರುವವರು ಈಗಲೂ ಇದ್ದಾರೆ. ಮಾಲೀಕ ರಿಪೇರಿ ಮಾಡಿಸುವುದಿಲ್ಲ, ಬಾಡಿಗೆದಾರ ಬಿಟ್ಟು ಹೋಗುವುದಿಲ್ಲ. ಇಬ್ಬರ ಮಾತಿನಲ್ಲೂ ನ್ಯಾಯವಿದೆ. ಬಾಲ್ಕನಿ ಮಾತ್ರ ಉದುರುತ್ತಿರುತ್ತದೆ.

ನನಗೆ ಆ ಬದಿಯ ಮೇಲೆ ಅಸೂಯೆಯಿಲ್ಲ. ಆ ಬಾಲ್ಕನಿಗಳಲ್ಲಿ ಸಂಜೆ ಹೊತ್ತು ಯಾರೂ ನಿಂತಿರುವುದಿಲ್ಲ. ಹೆಚ್ಚಿನವಕ್ಕೆ ಗಾಜು ಹಾಕಿ ಎ.ಸಿ. ಕೂರಿಸಿದ್ದಾರೆ. ಸಮುದ್ರವನ್ನು ನಿಜಕ್ಕೂ ಬಳಸುವವರು ಈಚೆ ಬದಿಯ ಕಟ್ಟೆಯವರು.

ನನ್ನ ಸೋದರಮಾವ ಆ ಕಟ್ಟೆಯ ಮೇಲೆ ಕೂತು ಎಸ್ಸೆಸ್ಸೆಲ್ಸಿ ಮುಗಿಸಿದವನು. ಉತ್ಪ್ರೇಕ್ಷೆಯಿಲ್ಲ. ಫೋರ್ಟಿನ ಒಂದು ಉಡುಪಿ ಹೋಟೆಲಿನಲ್ಲಿ ಅವನು ಮೊದಲು ಗ್ಲಾಸು ತೊಳೆಯುವ ಹುಡುಗ, ಆಮೇಲೆ ಸಪ್ಲೈಯರ್. ರಾತ್ರಿ ಶಾಲೆ. ಕರಾವಳಿಯಿಂದ ಬಂದು ಹೋಟೆಲು, ಕ್ಯಾಂಟೀನುಗಳಲ್ಲಿ ದುಡಿಯುವ ಹುಡುಗರಿಗಾಗಿಯೇ ಆ ಭಾಗದಲ್ಲಿ ಕನ್ನಡ ರಾತ್ರಿ ಶಾಲೆಗಳಿದ್ದವು. ಮೊಗವೀರ ಸಮಾಜದವರದು ಇಪ್ಪತ್ತನೆಯ ಶತಮಾನದ ಮೊದಲ ದಶಕದಲ್ಲೇ ಶುರುವಾದದ್ದು. ಶಾಲೆ ಬಿಟ್ಟು ಬಂದರೆ ಹೋಟೆಲಿನಲ್ಲಿ ಕುರ್ಚಿಗಳನ್ನು ಟೇಬಲ್ಲಿನ ಮೇಲೆ ಬೋರಲು ಹಾಕಿ, ನೆಲ ತೊಳೆದು, ಲೈಟು ಆರಿಸಿ, ಹುಡುಗರೆಲ್ಲ ಸಿಕ್ಕಿದಲ್ಲಿ ಚಾಪೆ ಹಾಸಿರುತ್ತಿದ್ದರು. ಓದಲಿಕ್ಕೆ ಬೆಳಕಿಲ್ಲ. ಪರೀಕ್ಷೆ ಹತ್ತಿರ ಬಂದಾಗ ಮಾವ ಪುಸ್ತಕ ಹಿಡಿದು ಚರ್ಚ್‌ಗೇಟ್ ದಾಟಿ ಮರೀನ್ ಡ್ರೈವ್‌ನ ಬೀದಿದೀಪದ ಕೆಳಗೆ ಬಂದು ಕೂರುತ್ತಿದ್ದ. ಅವನೊಬ್ಬನೇ ಅಲ್ಲ, ಕಂಬಕ್ಕಿಬ್ಬರಂತೆ ಇರುತ್ತಿದ್ದರಂತೆ. ಗಾಳಿಗೆ ಹಾಳೆ ಮಗುಚದಂತೆ ಚಪ್ಪಲಿ ಇಟ್ಟು ಗಣಿತ ಮಾಡಿದ್ದನ್ನು ಈಗಲೂ ಹೇಳುತ್ತಾನೆ.

ನಾನು ಹೊಸದಾಗಿ ಕೆಲಸಕ್ಕೆಂದು ಬಂದಾಗ ನನ್ನನ್ನು ಅಲ್ಲಿಗೆ ಕರೆದುಕೊಂಡು ಹೋದವನೂ ಅವನೇ. ನಾನು ಕಟ್ಟೆಯ ತುದಿಯಲ್ಲಿ ಮುದುರಿ ಕೂತಿದ್ದೆ, ಎದುರಿನ ಕಟ್ಟಡದ ವಾಚ್‌ಮ್ಯಾನ್ ಬಂದು ಎಬ್ಬಿಸುತ್ತಾನೋ ಎಂಬಂತೆ. ಮಾವ ನೋಡಿ ನಕ್ಕ. "ಕಾಲು ಚಾಚಿ ಸಮಾ ಕೂತ್ಕೋ ಮಾರಾಯ. ಇಡೀ ಬೊಂಬಾಯಿಯಲ್ಲಿ ಟೇಬಲ್ ಖಾಲಿ ಮಾಡು ಅಂತ ಯಾರೂ ಹೇಳದ ಜಾಗ ಇದೊಂದೇ." ಹೋಟೆಲಿನವನಿಗೇ ಹೊಳೆಯುವ ಮಾತು. ಊರಿನ ಮನೆಗಳಲ್ಲಿ ಜಗಲಿ ಇರುತ್ತದಲ್ಲ, ಒಳಗೆ ಜಾಗವಿಲ್ಲದವರು, ದಾರಿಹೋಕರು, ಜಗಳವಾಡಿಕೊಂಡು ಹೊರಬಂದವರು ಎಲ್ಲ ಬಂದು ಕೂರುವುದು. ಜಗಲಿಯಿಲ್ಲದ ಕೋಟಿಗಟ್ಟಲೆ ಜನರ ಊರಿಗೆ ಇದು ಜಗಲಿ.

ಹೀಗೆ ಕೂತವರಲ್ಲಿ ಒಬ್ಬರ ಕಥೆ ಕರಾವಳಿಯ ಹಳಬರಿಗೆಲ್ಲ ಗೊತ್ತು. ಮಂಗಳೂರಿನ ಜಾರ್ಜ್ ಫರ್ನಾಂಡಿಸ್, ಪಾದ್ರಿಯಾಗಲು ಹೋಗಿ ಸೆಮಿನರಿ ಬಿಟ್ಟು, 1949ರಲ್ಲಿ ಕೈಯಲ್ಲಿ ಕಾಸಿಲ್ಲದೆ ಬೊಂಬಾಯಿಗೆ ಬಂದರು. ಚೌಪಾಟಿಯ ಬೆಂಚುಗಳ ಮೇಲೆ ಮಲಗುತ್ತಿದ್ದೆ, ನಡುರಾತ್ರಿ ಪೊಲೀಸರು ಬಂದು ಎಬ್ಬಿಸಿ ಓಡಿಸುತ್ತಿದ್ದರು ಎಂದು ಅವರೇ ಆಮೇಲೆ ಹೇಳಿಕೊಂಡಿದ್ದಾರೆ. ಮುಂದೆ ಟ್ಯಾಕ್ಸಿ ಚಾಲಕರನ್ನು, ಮುನಿಸಿಪಾಲಿಟಿಯ ಕೆಲಸಗಾರರನ್ನು, ಹೋಟೆಲ್ ಕಾರ್ಮಿಕರನ್ನು ಸಂಘಟಿಸಿದರು. 1967ರ ಲೋಕಸಭಾ ಚುನಾವಣೆಯಲ್ಲಿ ದಕ್ಷಿಣ ಬೊಂಬಾಯಿಯಿಂದ ನಿಂತು, ಬೊಂಬಾಯಿ ಕಾಂಗ್ರೆಸ್ಸಿನ ಧಣಿಯಂತಿದ್ದ ಎಸ್.ಕೆ. ಪಾಟೀಲರನ್ನು ಸೋಲಿಸಿದರು. ಎಬ್ಬಿಸಿ ಕಳಿಸಿದ್ದ ಬೆಂಚಿನ ಊರಿಗೇ ಎಂ.ಪಿ.

ಅದಕ್ಕೂ ಮುಂಚೆ ಚೌಪಾಟಿಯ ಮರಳಿಗೆ ಮಂಗಳೂರಿನ ಇನ್ನೊಬ್ಬರು ಇಳಿದಿದ್ದರು. 1930ರ ಏಪ್ರಿಲ್‌ನಲ್ಲಿ ಗಾಂಧಿ ದಂಡಿಯಲ್ಲಿ ಉಪ್ಪು ಎತ್ತಿದಾಗ ಇಲ್ಲಿ ಉಪ್ಪು ಮಾಡಲು ಮುಂದೆ ನಿಂತ ಹೆಂಗಸರಲ್ಲಿ ಕಮಲಾದೇವಿ ಚಟ್ಟೋಪಾಧ್ಯಾಯ ಒಬ್ಬರು. ಮಾಡಿದ ಉಪ್ಪನ್ನು ಪೊಟ್ಟಣ ಕಟ್ಟಿ ಮಾರಲು ಅವರು ನುಗ್ಗಿದ್ದು ಷೇರು ಮಾರುಕಟ್ಟೆಯೊಳಕ್ಕೆ. ಅರವತ್ತೈದು ವರ್ಷಗಳ ಹಿಂದೆ ಈ ಸಮುದ್ರವನ್ನು ಕಾಗದದ ಮೇಲೆ ಮಾರಿ ದಿವಾಳಿಯಾದವರ ಮೊಮ್ಮಕ್ಕಳು, ಅದೇ ಸಮುದ್ರದ ಉಪ್ಪಿಗೆ ಆ ದಿನ ದುಡ್ಡು ಕೊಟ್ಟಿರಬಹುದು ಎಂದುಕೊಳ್ಳುವುದು ನನಗೆ ಇಷ್ಟ. ಅದಕ್ಕೂ ಹತ್ತು ವರ್ಷ ಹಿಂದೆ, 1920ರ ಆಗಸ್ಟ್ ಒಂದರಂದು ತೀರಿಕೊಂಡ ತಿಲಕರ ಚಿತೆ ಉರಿದದ್ದೂ ಇದೇ ಮರಳಿನ ಮೇಲೆ. ಅವರ ಪ್ರತಿಮೆ ಅಲ್ಲಿದೆ. ಅನಂತ ಚತುರ್ದಶಿಯಂದು ಹೊರಡುವ, ಮುಂಬೈಯದೇ ಲಾಲ್‌ಬಾಗಿನ ಗಣಪತಿ ಆ ಪ್ರತಿಮೆಯ ಎದುರು ಹಾದು ನೀರಿಗೆ ಹೋಗುತ್ತಾನೆ.

ಕಟ್ಟೆಯ ಆರ್ಥಿಕತೆ ಬಲು ಚಿಕ್ಕದು. ಕತ್ತಲಾದ ಮೇಲೆ ಸೈಕಲ್ಲಿನ ಚಾಯ್‌ವಾಲಾ ಬರುತ್ತಾನೆ. ಹ್ಯಾಂಡಲ್‌ಗೆ ದೊಡ್ಡ ಸ್ಟೀಲಿನ ಫ್ಲಾಸ್ಕು, ಕ್ಯಾರಿಯರ್ ಮೇಲೆ ಇನ್ನೊಂದು, ನಡುವಿನ ಚೀಲದಲ್ಲಿ ಪಾರ್ಲೆಜಿ, ಬಿಡಿ ಸಿಗರೇಟು, ಕಾಗದದ ಲೋಟಗಳು. ಕ್ಯೂಆರ್ ಕೋಡನ್ನು ಲ್ಯಾಮಿನೇಟ್ ಮಾಡಿಸಿ ಫ್ಲಾಸ್ಕಿನ ಕುತ್ತಿಗೆಗೆ ನೇತುಹಾಕಿರುತ್ತಾನೆ, ಬ್ರೇಕ್ ಹಾಕಿದಾಗೆಲ್ಲ ಅದು ಟಕ್ ಟಕ್ ಎನ್ನುತ್ತದೆ. ಸೈಕಲ್ಲಿನಿಂದ ಇಳಿಯುವುದಿಲ್ಲ. ಒಂದು ಕಾಲು ಫುಟ್‌ಪಾತಿನ ಮೇಲೆ, ಒಂದು ಪೆಡಲ್ ಮೇಲೆ. ಒಂದು ಕೈಯಲ್ಲಿ ಲೋಟ ಹಿಡಿದು ಇನ್ನೊಂದರಲ್ಲಿ ನಲ್ಲಿ ಒತ್ತುತ್ತಾ ಕಣ್ಣನ್ನು ಮಾತ್ರ ರಸ್ತೆಯ ಮೇಲೆ ಇಟ್ಟಿರುತ್ತಾನೆ. ಮುನಿಸಿಪಾಲಿಟಿಯ ಗಾಡಿ ಕಂಡಿತೋ, ಚಿಲ್ಲರೆ ಕೊಡುವುದು ಬಾಕಿಯಿದ್ದರೂ ಮಾಯ. ಹತ್ತು ನಿಮಿಷದಲ್ಲಿ ಮತ್ತೆ ಹಾಜರಾಗಿ, "ಸಾಬ್, ಆಪ್‌ಕೆ ಬೀಸ್ ರುಪಯೆ" ಎಂದು ಲೆಕ್ಕ ಚುಕ್ತಾ ಮಾಡುತ್ತಾನೆ. ನೂರಾರು ಜನರ ಮಧ್ಯೆ ನನ್ನ ಮುಖ ಹೇಗೆ ನೆನಪಿಟ್ಟ ಎಂದು ಒಬ್ಬನನ್ನು ಕೇಳಿದೆ. ಮುಖ ನೋಡುವುದಿಲ್ಲ, ಚಪ್ಪಲಿ ನೋಡಿಟ್ಟುಕೊಳ್ಳುತ್ತೇನೆ ಎಂದ. ಕಟ್ಟೆಯ ಮೇಲೆ ಎಲ್ಲರೂ ಸಮುದ್ರದ ಕಡೆ ತಿರುಗಿರುತ್ತಾರಲ್ಲ, ಚಪ್ಪಲಿ ಮಾತ್ರ ಫುಟ್‌ಪಾತಿನ ಮೇಲಿರುತ್ತದೆ.

ಜೋಡಿಗಳ ಬಗ್ಗೆ ಬರೆಯದೆ ಈ ಜಾಗದ ಬಗ್ಗೆ ಬರೆಯಲಾಗದು. ಒಂದು ಖೋಲಿಯಲ್ಲಿ ಆರೇಳು ಜನ ಇರುವ ಊರಿನಲ್ಲಿ ಏಕಾಂತ ಸಿಗುವುದು ಸಾವಿರ ಜನರ ನಡುವೆ ಬೆನ್ನು ತಿರುಗಿಸಿ ಕೂತಾಗಲೇ. ಮದುವೆಯಾದವರೂ ಬರುತ್ತಾರೆ. ನಾವೂ ಹೋಗಿದ್ದೇವೆ. ರಾತ್ರಿ ಹನ್ನೊಂದಕ್ಕೂ ಹುಡುಗಿಯರ ಗುಂಪುಗಳು ಕಟ್ಟೆಯ ಮೇಲೆ ನಗುತ್ತಾ ಕೂತಿರುವುದನ್ನು ನೋಡಿ ನಮ್ಮೂರಿನಿಂದ ಬಂದ ತಂಗಿಯಂದಿರು ಬೆರಗಾಗುತ್ತಾರೆ. ಆದರೆ ಇದನ್ನೇ ಹಿಡಿದು ಮುಂಬೈಯನ್ನು ಹೊಗಳುವವರಿಗೆ 2005ರ ಏಪ್ರಿಲ್ ನೆನಪಿಸಬೇಕಾಗುತ್ತದೆ. ಸಮುದ್ರದ ದಂಡೆಯಲ್ಲಿ ಕೂತಿದ್ದ ಕಾಲೇಜು ಹುಡುಗಿಯೊಬ್ಬಳನ್ನು ವಿಚಾರಣೆಯ ನೆಪದಲ್ಲಿ ಕರೆದು, ಇದೇ ರಸ್ತೆಯ ಪೊಲೀಸ್ ಚೌಕಿಯೊಳಗೆ, ಹಗಲು ಹೊತ್ತಿನಲ್ಲಿ, ಒಬ್ಬ ಕಾನ್‌ಸ್ಟೆಬಲ್ ಅತ್ಯಾಚಾರ ಮಾಡಿದ. ಊರು ಕುದಿಯಿತು, ಅವನಿಗೆ ಶಿಕ್ಷೆಯಾಯಿತು. ಆಗ ಕೆಲವರು ಕೇಳಿದ ಪ್ರಶ್ನೆ ನನಗಿನ್ನೂ ಮರೆತಿಲ್ಲ: ಅವಳಿಗೆ ಅಲ್ಲಿ ಏನು ಕೆಲಸ? ಏನೂ ಕೆಲಸವಿಲ್ಲದೆ ಕೂರಲೆಂದೇ ಇರುವ ಜಾಗ ಇದು, ಗಂಡಸರನ್ನು ಆ ಪ್ರಶ್ನೆ ಯಾರೂ ಕೇಳುವುದಿಲ್ಲ.

ಅದೇ ಪೊಲೀಸ್ ಇಲಾಖೆಯ ಇನ್ನೊಬ್ಬರನ್ನೂ ಇದೇ ರಸ್ತೆ ನೆನಪಿಟ್ಟುಕೊಂಡಿದೆ. 2008ರ ನವೆಂಬರ್ 26ರ ರಾತ್ರಿ ಕಾರು ಕದ್ದು ಈ ದಾರಿಯಲ್ಲೇ ಬಂದ ಕಸಾಬ್‌ನನ್ನು ಚೌಪಾಟಿಯ ನಾಕಾಬಂದಿಯಲ್ಲಿ ತಡೆದರು. ಎ.ಎಸ್.ಐ. ತುಕಾರಾಂ ಓಂಬಳೆ ಅವರ ಕೈಯಲ್ಲಿದ್ದದ್ದು ಲಾಠಿ ಮಾತ್ರ. ಎರಡೂ ಕೈಯಿಂದ ಎ.ಕೆ. 47ರ ನಳಿಗೆ ಹಿಡಿದುಕೊಂಡರು, ಗುಂಡುಗಳೆಲ್ಲ ಅವರೊಳಗೇ ಹೋದರೂ ಕೈ ಬಿಡಲಿಲ್ಲ. ಅವರ ಪ್ರತಿಮೆ ಅಲ್ಲೇ ರಸ್ತೆ ಬದಿಗಿದೆ. ಸೇವ್‌ಪುರಿ ತಿನ್ನಲು ಓಡುವ ಗಡಿಬಿಡಿಯಲ್ಲಿ ಬಹಳ ಜನ ಅದನ್ನು ನೋಡುವುದಿಲ್ಲ.

ಮಳೆಗಾಲ ಬಂದರೆ ಪಾತ್ರಗಳು ಅದಲುಬದಲಾಗುತ್ತವೆ. ಹುಣ್ಣಿಮೆ, ಅಮಾವಾಸ್ಯೆಯ ಆಸುಪಾಸಿನ ದೊಡ್ಡ ಭರತ ನಾಲ್ಕೂವರೆ ಮೀಟರ್ ದಾಟುತ್ತದೆ. ಅಂಥ ದಿನಗಳ ಪಟ್ಟಿಯನ್ನು ಮುನಿಸಿಪಾಲಿಟಿಯವರು ಮೊದಲೇ ಪ್ರಕಟಿಸುತ್ತಾರೆ. ಜನ ಅದನ್ನು ಎಚ್ಚರಿಕೆ ಎಂದು ಓದುವುದಿಲ್ಲ, ಜಾತ್ರೆಯ ತಾರೀಖು ಎಂದು ಓದುತ್ತಾರೆ. ಅಲೆ ಕಟ್ಟೆಗೆ ಬಡಿದು ಮಾಳಿಗೆಯೆತ್ತರ ಎದ್ದು ರಸ್ತೆಗೆ ಬೀಳುವಾಗ ಅದರ ಕೆಳಗೆ ನಿಲ್ಲಲು ನೂಕುನುಗ್ಗಲು. ಪೊಲೀಸರ ಸೀಟಿಗೆ ಯಾರೂ ಸೊಪ್ಪು ಹಾಕುವುದಿಲ್ಲ. ಕಟ್ಟೆಯಾಚೆಯ ನಾಲ್ಕು ಕಾಲಿನ ಗುಂಡುಗಳಿಗೆ ಟೆಟ್ರಾಪಾಡ್ ಎನ್ನುತ್ತಾರೆ. ಫ್ರಾನ್ಸಿನ ಇಂಜಿನಿಯರುಗಳು 1950ರಲ್ಲಿ ಕಂಡುಹಿಡಿದದ್ದು. ಒಂದೊಂದೂ ಎರಡು ಟನ್ನಿನ ಆಸುಪಾಸು ತೂಗುತ್ತದೆ. ನೇರ ಗೋಡೆಗೆ ಅಪ್ಪಳಿಸಿದ ಅಲೆ ಅಷ್ಟೇ ಜೋರಿನಿಂದ ಬುಡವನ್ನು ಕೊರೆಯುತ್ತದೆ. ಕಾಲಿಗೆ ಕಾಲು ತೊಡರಿಸಿಕೊಂಡು ಬಿದ್ದ ಈ ಗುಂಡುಗಳ ಸಂದುಗಳಲ್ಲಿ ಸಿಕ್ಕಿದರೆ ಚೂರುಚೂರಾಗಿ ಸುಸ್ತಾಗುತ್ತದೆ. ಜೀವ ಉಳಿಸುವ ಅದೇ ಸಂದುಗಳು ಜೀವ ತೆಗೆಯುತ್ತವೆ ಕೂಡ. ಸೆಲ್ಫಿಗೆಂದು ಇಳಿದವರು ಪಾಚಿಗೆ ಜಾರಿ ನಡುವೆ ಸಿಕ್ಕಿಕೊಂಡರೆ ಮೇಲೆತ್ತುವುದು ಬಹಳ ಕಷ್ಟ. ಮಳೆಗಾಲದಲ್ಲಿ ಇಂಥ ಸುದ್ದಿ ಓದದ ವರ್ಷವಿಲ್ಲ.

ಭರತ ಇಳಿದ ಮೇಲೆ ರಸ್ತೆ ನೋಡಬೇಕು. ಪ್ಲಾಸ್ಟಿಕ್ ಚೀಲ, ಥರ್ಮೋಕೋಲ್, ಒಂಟಿ ಚಪ್ಪಲಿ, ತೆಂಗಿನಕಾಯಿ, ಒಡೆದ ದೇವರ ಫೋಟೋ. ಊರು ವರ್ಷವಿಡೀ ಸಮುದ್ರಕ್ಕೆ ಕೊಟ್ಟದ್ದನ್ನು ಸಮುದ್ರ ಟನ್ನುಗಟ್ಟಲೆ ವಾಪಸು ತಂದು ಸುರಿದು ಹೋಗಿರುತ್ತದೆ. ಗಮ್‌ಬೂಟು ಹಾಕಿಕೊಂಡ ಮುನಿಸಿಪಾಲಿಟಿಯ ಕೆಲಸಗಾರರು ಬೆಳಗಾಗುವುದರೊಳಗೆ ಅದನ್ನೆಲ್ಲ ಗೋರಿ ಲಾರಿಗೆ ತುಂಬುತ್ತಾರೆ.

ದೀಪಗಳ ಗಲಾಟೆಯೊಂದನ್ನು ಹೇಳಿ ಮುಂದೆ ಹೋಗುತ್ತೇನೆ. ಮಲಬಾರ್ ಹಿಲ್ ಮೇಲಿನಿಂದ ನೋಡಿದರೆ ಈ ಬಾಗಿನ ದೀಪಗಳು ಸರದಂತೆ ಕಾಣುತ್ತವೆಂದು ಇದಕ್ಕೆ 'ರಾಣಿಯ ಕಂಠಹಾರ' ಎಂಬ ಹೆಸರು. 2015ರಲ್ಲಿ ಹಳದಿ ಸೋಡಿಯಂ ದೀಪ ತೆಗೆದು ಬಿಳಿ ಎಲ್‌ಇಡಿ ಹಾಕಿದರು. ಹಾರ ಬೆಳ್ಳಿಯದಾಯಿತು ಎಂದು ಊರಿಗೆ ಊರೇ ಕೂಗಿತು, ರಾಜಕೀಯ ಪಕ್ಷಗಳು ಕಿತ್ತಾಡಿದವು, ವಿಷಯ ಹೈಕೋರ್ಟಿಗೂ ಹೋಯಿತು. ಕೊನೆಗೆ ಹಳದಿ ಛಾಯೆ ವಾಪಸು ಬಂತು. ವಿದ್ಯುತ್ ಉಳಿಸುವುದು ಒಳ್ಳೆಯದೇ. ಆದರೆ ಆ ಬಿಳಿ ಬೆಳಕಿನಲ್ಲಿ ಕಟ್ಟೆಯ ಮೇಲೆ ಕೂತವರೆಲ್ಲ ಆಸ್ಪತ್ರೆಯ ಹೊರರೋಗಿಗಳಂತೆ ಕಾಣುತ್ತಿದ್ದದ್ದು ನಿಜ.

2024ರ ಜುಲೈ 4ರಂದು, ಟಿ20 ವಿಶ್ವಕಪ್ ಗೆದ್ದು ಬಂದ ತಂಡವನ್ನು ತೆರೆದ ಬಸ್ಸಿನಲ್ಲಿ ನಾರಿಮನ್ ಪಾಯಿಂಟ್‌ನಿಂದ ವಾಂಖೆಡೆ ಸ್ಟೇಡಿಯಂವರೆಗೆ ಮೆರವಣಿಗೆ ಮಾಡಿದರು. ಬಸ್ಸಿನ ಮೇಲೆ ಕೋಚ್ ಆಗಿ ನಮ್ಮ ದ್ರಾವಿಡ್ ಕೂಡ ಇದ್ದರು. ಲಕ್ಷಗಟ್ಟಲೆ ಜನ. ರಸ್ತೆ ಕಾಣಲಿಲ್ಲ, ಕಟ್ಟೆ ಕಾಣಲಿಲ್ಲ, ಬಸ್ಸು ತೆವಳಿತು. ಉಸಿರುಗಟ್ಟಿದವರು, ಗಾಯಗೊಂಡವರು ಇದ್ದರು, ದೊಡ್ಡ ಅನಾಹುತ ಆಗದೆ ಉಳಿದದ್ದು ಅದೃಷ್ಟ. ಅವರಲ್ಲಿ ಹೆಚ್ಚಿನವರು ಬಂದದ್ದು, ಹೋದದ್ದು ಲೋಕಲ್ಲಿನಲ್ಲಿ. ಬಸ್ಸು ಕಾರುಗಳನ್ನೇ ನಂಬಿದ ಊರಾಗಿದ್ದರೆ ಅಷ್ಟು ಜನ ಅಷ್ಟು ಹೊತ್ತಿನಲ್ಲಿ ಅಲ್ಲಿ ಸೇರುತ್ತಲೂ ಇರಲಿಲ್ಲ, ಚದುರುತ್ತಲೂ ಇರಲಿಲ್ಲ.

ಹೊಸ ಕೋಸ್ಟಲ್ ರೋಡಿನ ಬಗ್ಗೆ ನನ್ನ ತಕರಾರು ಇರುವುದೂ ಇಲ್ಲೇ. 2024ರ ಮಾರ್ಚ್‌ನಲ್ಲಿ ಅದರ ಮೊದಲ ಭಾಗ ತೆರೆಯಿತು. ವರ್ಲಿಯಿಂದ ಸಮುದ್ರದ ಅಂಚಿಗೇ ಬಂದು, ಮಲಬಾರ್ ಹಿಲ್‌ನ ಕೆಳಗೆ ಎರಡು ಕಿಲೋಮೀಟರಿನ ಜೋಡಿ ಸುರಂಗಗಳಲ್ಲಿ ಹಾದು, ಪ್ರಿನ್ಸೆಸ್ ಸ್ಟ್ರೀಟ್ ಫ್ಲೈಓವರ್ ಹತ್ತಿರ ಮರೀನ್ ಡ್ರೈವ್‌ಗೆ ತಲೆಯೆತ್ತುತ್ತದೆ. ಮುಕ್ಕಾಲು ಗಂಟೆಯ ದಾರಿ ಹತ್ತು ನಿಮಿಷಕ್ಕಿಳಿಯಿತು ಎಂದು ಕಾರಿನವರು ಸಂಭ್ರಮಿಸುತ್ತಾರೆ, ಸಂಭ್ರಮಿಸಲಿ. ಅದರ ಪಕ್ಕಕ್ಕೆ ಮರೀನ್ ಡ್ರೈವ್‌ಗಿಂತ ಉದ್ದದ ಹೊಸ ವಾಯುವಿಹಾರ ಪಥವನ್ನೂ ಮಾಡಿದ್ದಾರೆ. ನೋಡಿ ಬಂದೆ. ಚೊಕ್ಕಟವಾಗಿದೆ, ಗಾಳಿ ಚೆನ್ನಾಗಿದೆ. ಆದರೆ ಅದಕ್ಕೂ ಊರಿಗೂ ನಡುವೆ ಸಿಗ್ನಲ್ಲಿಲ್ಲದ ಎಕ್ಸ್‌ಪ್ರೆಸ್ ರಸ್ತೆ. ಸಬ್‌ವೇ ಹುಡುಕಿ, ಇಳಿದು, ಹತ್ತಿ ಹೋಗಬೇಕು. ಲೋಕಲ್ ಸ್ಟೇಷನ್ನಿನಿಂದ ಹೋಗಬೇಕೆಂದರೆ ಬಸ್ಸೋ ಟ್ಯಾಕ್ಸಿಯೋ ಹಿಡಿಯಬೇಕು. ಇಬ್ಬರು ಮಕ್ಕಳನ್ನು ಕಟ್ಟಿಕೊಂಡು ನಾಲಾಸೋಪಾರಾದಿಂದ ಹೊರಟ ಸಂಸಾರಕ್ಕೆ ಅಷ್ಟೇ ಸಾಕು, ಬೇಡಪ್ಪಾ ಎನ್ನಲು. ಆ ಪಥದಲ್ಲಿ ನಾನು ಕಂಡದ್ದು ಹೆಚ್ಚಾಗಿ ಜಾಗಿಂಗ್ ಬೂಟುಗಳನ್ನು. ಚಪ್ಪಲಿ ಬಿಟ್ಟು ಕೂತವರು ಕಾಣಲಿಲ್ಲ. ನೂರು ವರ್ಷ ಹಿಂದೆ ಲಾಭಕ್ಕೆಂದು ಸಮುದ್ರ ತುಂಬಿಸಲು ಹೋದ ಬ್ರಿಟಿಷರ ಕೈಯಲ್ಲಿ ಅಚಾತುರ್ಯದಿಂದ ಆದ ಕೆಲಸ, ಈಗ ಸಾವಿರಾರು ಕೋಟಿ ಸುರಿದು ಬೇಕೆಂದೇ ಮಾಡಿದರೂ ಆಗಲಿಲ್ಲ. ಅವರಿಗೆ ರೈಲು ಪಕ್ಕದಲ್ಲಿತ್ತು, ಇವರು ರೈಲನ್ನು ನೆನೆಯಲೇ ಇಲ್ಲ.

2025ರ ಅಕ್ಟೋಬರ್‌ನಲ್ಲಿ ನೆಲದಡಿಯ ಮೆಟ್ರೋ ಕಫ್ ಪರೇಡ್‌ವರೆಗೆ ಪೂರ್ತಿಯಾಗಿ, ಚರ್ಚ್‌ಗೇಟ್‌ನಲ್ಲೂ ಒಂದು ಸ್ಟೇಷನ್ ಆಗಿದೆ. ಹಾಗಾಗಿ ಇನ್ನು ಅಂಧೇರಿ ಕಡೆಯಿಂದ ಬರುವವರಿಗೆ ಎರಡು ದಾರಿ. ನನ್ನನ್ನು ಕೇಳಿದರೆ ಹೊಸಬರು ಲೋಕಲ್ಲಿನಲ್ಲೇ ಬನ್ನಿ, ಸ್ಲೋ ಗಾಡಿ ಹಿಡಿಯಿರಿ, ಚರ್ಚ್‌ಗೇಟ್‌ವರೆಗೆ ಹೋಗದೆ ಮರೀನ್ ಲೈನ್ಸ್‌ನಲ್ಲಿ ಇಳಿಯಿರಿ. ಅಲ್ಲಿ ಸಮುದ್ರ ಹೆಚ್ಚು ಹತ್ತಿರ, ಗುಂಪು ಕಡಿಮೆ. ಜಿಮ್‌ಖಾನಾಗಳ ಮೈದಾನದಲ್ಲಿ ಹುಡುಗರು ನೆಟ್ಸ್ ಮಾಡುವುದನ್ನೂ ನೋಡಬಹುದು. ಹಿಂದೂ, ಪಾರ್ಸಿ, ಇಸ್ಲಾಂ, ಕ್ಯಾಥೊಲಿಕ್ ಎಂದು ಧರ್ಮಕ್ಕೊಂದು ಜಿಮ್‌ಖಾನಾ ಕಟ್ಟಿಕೊಂಡ ಊರಿದು. ಕಟ್ಟೆಗೆ ಹಾಗೆ ಪಾಲು ಹಾಕಲು ಯಾರಿಗೂ ಪುರಸೊತ್ತಾಗಲಿಲ್ಲ ಎನ್ನುವುದು ಸಮಾಧಾನ. ಭಾನುವಾರ ತಪ್ಪಿಸಿ. ಮಳೆಗಾಲವಾದರೆ ಭರತದ ಸಮಯ ನೋಡಿಕೊಳ್ಳಿ, ಟೆಟ್ರಾಪಾಡ್ ಮೇಲೆ ಇಳಿಯಬೇಡಿ. ಕೊನೆಯ ಬೊರಿವಲಿ ಲೋಕಲ್ ಚರ್ಚ್‌ಗೇಟ್‌ನಿಂದ ರಾತ್ರಿ ಒಂದಕ್ಕೆ ಬಿಡುತ್ತದೆ, ಕಟ್ಟೆಯಿಂದ ಹನ್ನೆರಡೂಮುಕ್ಕಾಲಿಗೆ ಎದ್ದರೂ ಸಾಕು.